ನೀರು ಕುದಿಯಬೇಕು, ತಾಮ್ರ ಕರಗಬಾರದು

ನಾನು ಬರೆಯುತ್ತಿರುವ ಫ್ಯಾಂಟಸಿ ಕಾದಂಬರಿಯ ಮೊದಲ ಕರಡಿನಲ್ಲಿ ಒಂದು ಮಾಯದ ಕಲ್ಲು ಇತ್ತು. ಹೆಸರು ಅಗ್ನಿಸ್ಫಟಿಕ. ಬಿಸಿಲನ್ನು ಕುಡಿದು ಇಟ್ಟುಕೊಳ್ಳುತ್ತದೆ, ಬೇಕೆಂದಾಗ ಬಿಡುತ್ತದೆ. ಅದರಿಂದ ಕತ್ತಿ ಮಾಡಬಹುದು, ಕೋಟೆ ಸುಡಬಹುದು, ಗಾಯವನ್ನೂ ವಾಸಿ ಮಾಡಬಹುದು. ಗಾಯ ಹೇಗೆ ಅಂತ ಕೇಳಬೇಡಿ, ನನಗೂ ಗೊತ್ತಿರಲಿಲ್ಲ.

ಓದಿದ ಗೆಳತಿ ಒಂದೇ ಪ್ರಶ್ನೆ ಕೇಳಿದಳು. "ಅಲ್ಲ ಕಣೇ, ಇಂಥ ಕಲ್ಲು ಇರೋ ಊರಲ್ಲಿ ಮೂರನೇ ಅಧ್ಯಾಯದ ಅಜ್ಜಿ ಸೌದೆ ಯಾಕೆ ಹೊರ್ತಾಳೆ?"

ನನ್ನ ಹತ್ತಿರ ಉತ್ತರ ಇರಲಿಲ್ಲ. ಅಜ್ಜಿಯನ್ನೇ ತೆಗೆದುಬಿಡೋಣ ಅಂತ ಎರಡು ದಿನ ಯೋಚಿಸಿದೆ. ಆದರೆ ಇಡೀ ಪುಸ್ತಕದಲ್ಲಿ ನನಗೆ ಜಾಸ್ತಿ ಇಷ್ಟವಾದವಳು ಅವಳೇ. ಅಜ್ಜಿ ಉಳಿದಳು, ಕಲ್ಲನ್ನು ರಿಪೇರಿ ಮಾಡಲು ಕೂತೆ.

ಮೊದಲು ಹೆಸರು ಹೋಯಿತು. ಗಣಿಯಲ್ಲಿ ಬೆವರು ಸುರಿಸುವವರು ಅಗ್ನಿಸ್ಫಟಿಕ ಅನ್ನುತ್ತಾರಾ? ಸಾಣೆಕಲ್ಲು, ಬೀಸುವ ಕಲ್ಲು, ಸುಣ್ಣದ ಕಲ್ಲು ಅಂತ ಹೆಸರಿಡುವ ಬಾಯಿ ಅವರದು. ಹಾಗಾಗಿ ಕಾವುಗಲ್ಲು.

ಆಮೇಲೆ ನಿಜವಾದ ವಸ್ತುಗಳಲ್ಲಿ ಇದಕ್ಕೆ ಹತ್ತಿರದ್ದು ಯಾವುದು ಅಂತ ಹುಡುಕಿದೆ. ಚಳಿಯಲ್ಲಿ ಕೈ ಬೆಚ್ಚಗಿಡಲು ಬಳಸುವ ಜೆಲ್ ಪ್ಯಾಕ್ ಸಿಕ್ಕಿತು. ಅದರೊಳಗೆ ಇರುವುದು ಸೋಡಿಯಂ ಅಸಿಟೇಟ್ ದ್ರವ. ಒಳಗಿನ ಪುಟ್ಟ ಲೋಹದ ಬಿಲ್ಲೆಯನ್ನು ಟಕ್ ಅನ್ನಿಸಿದರೆ ದ್ರವ ಗಟ್ಟಿಯಾಗುತ್ತಾ ಶಾಖ ಬಿಡುತ್ತದೆ. ಮತ್ತೆ ಕುದಿಯುವ ನೀರಿನಲ್ಲಿಟ್ಟರೆ ಮತ್ತೆ ತಯಾರು. ನನಗೆ ಹಿಡಿಸಿದ್ದು ಇನ್ನೊಂದು ಗುಣ. ಅದು ಎಷ್ಟು ಶಾಖ ಬಿಟ್ಟರೂ 58 ಡಿಗ್ರಿ ದಾಟುವುದಿಲ್ಲ. ಶಾಖದ ಮೊತ್ತ ಬೇರೆ, ಬಿಸಿಯ ಮಟ್ಟ ಬೇರೆ. ಮೊದಲ ಕರಡಿನಲ್ಲಿ ನಾನು ಇವೆರಡನ್ನೂ ಕಲಸಿಬಿಟ್ಟಿದ್ದೆ.

ಅಲ್ಲಿಂದ ಮೊದಲ ನಿಯಮ ಬಂತು. ಒಂದು ಕಾವುಗಲ್ಲಿಗೆ ಇನ್ನೊಂದನ್ನು ಕುಟ್ಟಿದರೆ ಕಾವು ಬಿಡಲು ಶುರು ಮಾಡುತ್ತದೆ. ನಡುವೆ ನಿಲ್ಲಿಸೋಕೆ ಆಗಲ್ಲ. ಆದರೆ 300 ಡಿಗ್ರಿಗಿಂತ ಮೇಲೆ ಹೋಗುವುದಿಲ್ಲ. ಈ ಒಂದು ಸಂಖ್ಯೆ ನನ್ನ ಅರ್ಧ ಕಥೆಯನ್ನು ಅಳಿಸಿ ಹಾಕಿತು. ತಾಮ್ರ ಕರಗಲು 1085 ಡಿಗ್ರಿ ಬೇಕು, ಕಬ್ಬಿಣಕ್ಕೆ 1538. ಹಾಗಾಗಿ ರಾಜನ ಮಾಯದ ಕತ್ತಿಗಳು ಹೋದವು. ಸೀಸಕ್ಕೂ 327 ಬೇಕು, ಅದೂ ಇಲ್ಲ. ತವರ ಮಾತ್ರ 232ಕ್ಕೇ ಕರಗುತ್ತದೆ. ನನ್ನ ಲೋಕದಲ್ಲಿ ಈ ಕಲ್ಲನ್ನು ಎದೆಗವಚಿಕೊಂಡವರು ಸೈನಿಕರಲ್ಲ, ಪಾತ್ರೆಗೆ ಕಲಾಯಿ ಹಾಕುವವರು! ಇದನ್ನು ನಾನು ಯೋಚಿಸಿ ಮಾಡಿದ್ದಲ್ಲ, ಲೆಕ್ಕ ತಂದುಕೊಟ್ಟದ್ದು.

ಇನ್ನು ಎಷ್ಟು ಶಾಖ ಹಿಡಿಯಬೇಕು? ಒಂದು ಕಿಲೋ ಮಂಜುಗಡ್ಡೆ ಕರಗಿಸಲು 334 ಕಿಲೋಜೂಲ್ ಬೇಕು. ಅಷ್ಟೇ ಶಾಖದಲ್ಲಿ ಒಂದು ಲೀಟರ್ ನೀರನ್ನು 20 ಡಿಗ್ರಿಯಿಂದ ಕುದಿಯುವ ಹಂತಕ್ಕೆ ತರಬಹುದು. ಮಾಯದ ಕಲ್ಲು ತಾನೇ ಅಂತ ಧಾರಾಳವಾಗಿ ಅದರ ಹತ್ತು ಪಟ್ಟು ಕೊಟ್ಟೆ. ಒಂದು ಕಿಲೋ ಕಲ್ಲಿಗೆ ಹತ್ತು ಲೀಟರ್ ಕುದಿಯುವ ನೀರು. ಬೀಗುತ್ತಾ ಸೌದೆಯ ಲೆಕ್ಕ ತೆಗೆದರೆ ನಗು ಬಂತು. ಒಂದು ಕಿಲೋ ಒಣ ಸೌದೆಯಲ್ಲಿ ಸುಮಾರು 16,000 ಕಿಲೋಜೂಲ್ ಇರುತ್ತದೆ. ಅಂದರೆ ನನ್ನ ಕಿಲೋ ಮಾಯ ಸುಮಾರು 200 ಗ್ರಾಂ ಸೌದೆಗೆ ಸಮ.

ಅಜ್ಜಿ ಸೌದೆ ಹೊರುವುದು ಸರಿಯಾಗಿಯೇ ಇತ್ತು.

ಹಾಗಾದರೆ ಕಾವುಗಲ್ಲು ಯಾರಿಗೆ ಬೇಕು? ಹೊಗೆ ಬೇಡದವರಿಗೆ. ಗಣಿಯ ಆಳದಲ್ಲಿರುವವರಿಗೆ, ಹಡಗಿನ ಒಳಕೋಣೆಯವರಿಗೆ, ಓಲೆಗರಿ ಕಾಯುವವರಿಗೆ, ರಾತ್ರಿ ಬೆಂಕಿ ಕಾಣಿಸದಂತೆ ಗಡಿ ದಾಟುವ ಕಳ್ಳಸಾಗಣೆಯವರಿಗೆ. ಕಥೆ ತಾನಾಗಿ ಆ ಕಡೆ ತಿರುಗಿತು.

ಬಿಸಿಲು ತುಂಬುವುದಕ್ಕೂ ಲೆಕ್ಕ ಹಾಕಿದೆ. ನೆತ್ತಿಯ ಮೇಲಿನ ಬಿಸಿಲು ಚದರ ಮೀಟರಿಗೆ ಸುಮಾರು 1000 ವ್ಯಾಟ್. ಕಿಲೋ ತೂಕದ, ಹತ್ತು ಸೆಂಟಿಮೀಟರ್ ಉದ್ದಗಲದ ಬಿಲ್ಲೆಯ ಮೇಲೆ ಬೀಳುವುದು ಬರೀ 10 ವ್ಯಾಟ್. ದಿನಕ್ಕೆ ಆರು ಗಂಟೆ ಒಳ್ಳೆ ಬಿಸಿಲು ಅಂದರೂ ತುಂಬಲು ಹದಿನೈದು ದಿನ ಬೇಕು. ತೆಳುವಾಗಿ ಸೀಳಿದರೆ ಬೇಗ ತುಂಬುತ್ತದೆ. ಆದರೆ ತೆಳು ಕಲ್ಲು ಬಿದ್ದರೆ ಒಡೆಯುತ್ತದೆ, ಒಡೆದರೆ ಕಾವು ಬಿಡುತ್ತದೆ. ಅದಕ್ಕೇ ಸೀಳುವವರು, ಕಲ್ಲು ಬಿಸಿಲು ಕುಡಿಯದಂತೆ, ಕತ್ತಲ ಕೋಣೆಯಲ್ಲಿ ಕೈಯಳತೆಯ ಮೇಲೆ ಕೆಲಸ ಮಾಡುತ್ತಾರೆ. ಖಾಲಿಯಾದದ್ದು ಹಸಿದ ಕಲ್ಲು, ತುಂಬಿದ್ದು ಉಂಡ ಕಲ್ಲು. ಈ ಮಾತು ಹೊಳೆದ ದಿನ ನನಗೇ ಹೊಟ್ಟೆ ತುಂಬಿದಂತಾಗಿತ್ತು, ಸುಳ್ಳು ಹೇಳಲ್ಲ.

ಒಂದು ತೂತು ಉಳಿದಿತ್ತು. ಮುಟ್ಟಿದರೆ ಎರಡೂ ತಣ್ಣಗಿದ್ದರೆ, ಕೊಳ್ಳುವವನಿಗೆ ಉಂಡದ್ದು ಯಾವುದು ಅಂತ ಗೊತ್ತಾಗುವುದು ಹೇಗೆ? ಬಣ್ಣ ಕೊಟ್ಟೆ. ಹಸಿದಾಗ ಕಪ್ಪು, ಉಣ್ಣುತ್ತಾ ಹೋದಂತೆ ಬಿಳಿ. ಬಿಳಿಯಾದಷ್ಟೂ ಬಿಸಿಲನ್ನು ಹಿಂದಕ್ಕೆ ಎಸೆಯುತ್ತದೆ ಅಲ್ವಾ? ಹಾಗಾಗಿ ಕೊನೆಯ ಕಾಲುಭಾಗ ತುಂಬುವುದೇ ಕಷ್ಟ, ಹದಿನೈದು ದಿನವೂ ಸಾಲದು. ವ್ಯಾಪಾರಿಗಳು ಅಷ್ಟು ದಿನ ಕಾಯುತ್ತಾರಾ? ಮುಕ್ಕಾಲು ಹೊಟ್ಟೆಯದ್ದನ್ನೇ ಮಾರುತ್ತಾರೆ. ಇನ್ನೂ ಖದೀಮರು ಹಸಿದ ಕಲ್ಲಿಗೆ ಸುಣ್ಣ ಬಳಿಯುತ್ತಾರೆ. ಈಗ ನನ್ನ ಕಾದಂಬರಿಯಲ್ಲಿ ಕಲ್ಲು ಕೊಳ್ಳುವ ಪ್ರತಿಯೊಬ್ಬರೂ ಮೊದಲು ಹೆಬ್ಬೆರಳು ನೆಕ್ಕಿ ಅದನ್ನು ಉಜ್ಜಿ ನೋಡುತ್ತಾರೆ. ಎಲ್ಲೂ ವಿವರಿಸಿಲ್ಲ, ಸುಮ್ನೆ ಉಜ್ಜುತ್ತಾರೆ.

ಎರಡನೇ ಕರಡು ಓದಿ ಗೆಳತಿ ಪುಸ್ತಕ ಮಡಚಿದಳು. "ಸೀಳೋವಾಗ ಪುಡಿ ಉದುರುತ್ತಲ್ಲ, ಅದನ್ನ ಎಲ್ಲಿ ಹಾಕ್ತಾರೆ?"

ಮತ್ತೆ ಕಾಗದ ತಗೊಂಡೆ. ಒಂದು ಕಿಲೋ ಪುಡಿಯನ್ನು ಒಂದು ಮಿಲಿಮೀಟರ್ ದಪ್ಪಕ್ಕೆ ಹರವಿದರೆ ಎರಡೂವರೆ ಗಂಟೆಯೊಳಗೆ ಉಂಡು ಮುಗಿಸುತ್ತದೆ. ಗಾಳಿ ಬೀಸಿದರೆ ಕಣಕ್ಕೆ ಕಣ ತಾಗುತ್ತದೆ. ಗಣಿಯ ಹಿಂದೆ ಮೂವತ್ತು ವರ್ಷದಿಂದ ಪುಡಿ ಸುರಿದ ಒಂದು ದಿಬ್ಬ ಇದೆ ಅಂತ ನಾನೇ ಮೊದಲ ಅಧ್ಯಾಯದಲ್ಲಿ ಬರೆದುಬಿಟ್ಟಿದ್ದೆ. ಅಜ್ಜಿಯ ಮನೆ ಅದರ ಪಕ್ಕದಲ್ಲೇ ಇದೆ.