ಏಟು ತಾಗುವ ಫ್ರೇಮು

ಹಾಂಗ್‌ಕಾಂಗ್ ಧಾಟಿಯ ಹೊಡೆದಾಟ ಎಡಿಟ್ ಮಾಡಲು ಕೂತಾಗ ನಾನು ಮೊದಲು ಹುಡುಕುವುದು ಏಟು ತಾಗುವ ಫ್ರೇಮನ್ನು. ಎರಡೂ ಕೋನದ ಶಾಟ್‌ಗಳಲ್ಲಿ ಅಲ್ಲೊಂದು ಮಾರ್ಕರ್ ಹಾಕುತ್ತೇನೆ. ಮಾರ್ಕರಿಗೆ ಮಾರ್ಕರ್ ಕೂಡಿಸಿ ಕತ್ತರಿಸಿದರೆ ಲೆಕ್ಕ ಸರಿ, ಏಟು ಮಾತ್ರ ಸಪ್ಪೆ. ಕೋನ ಬದಲಾದ ಕ್ಷಣ ಕಣ್ಣು ಮುಷ್ಟಿ ಎಲ್ಲಿದೆ ಎಂದು ಹುಡುಕುತ್ತದೆ. ಸಿಗುವಷ್ಟರಲ್ಲಿ ಏಟು ಬಿದ್ದು ಆಗಿರುತ್ತದೆ. ಹಾಗಾಗಿ ವೈಡ್ ಶಾಟಿನಲ್ಲಿ ತಾಗಿದ ಮೇಲೂ ಒಂದು ಫ್ರೇಮು ಓಡಲು ಬಿಟ್ಟು, ಕ್ಲೋಸ್ ಶಾಟನ್ನು ತಾಗುವುದಕ್ಕೆ ಮೂರು ಫ್ರೇಮು ಮುಂಚಿನಿಂದ ಎತ್ತಿಕೊಳ್ಳುತ್ತೇನೆ. ಏಟು ಎರಡು ಸಲ ಬೀಳುತ್ತದೆ, ನೋಡುವವರಿಗೆ ಒಂದೇ ಸಲ, ಜೋರಾಗಿ ಬಿದ್ದಂತೆ ಕಾಣುತ್ತದೆ. ಆರು ಫ್ರೇಮಿಗೆ ಹೋದರೆ ಗುಟ್ಟು ರಟ್ಟು. ಸದ್ದು ಒಂದೇ ಇರಲಿ, ಅದೂ ಎರಡನೇ ಶಾಟಿಗೆ.

ಇದಕ್ಕೆ ರಶಸ್‌ನಲ್ಲಿ, ಅಂದರೆ ಸೆಟ್‌ನಿಂದ ಬಂದ ಕಚ್ಚಾ ಶಾಟ್‌ಗಳಲ್ಲಿ, ಸರಕಿರಬೇಕು. ಹಾಂಗ್‌ಕಾಂಗಿನವರು ಇಡೀ ಜಗಳವನ್ನು ದೂರದಿಂದ ಒಂದೇ ಉದ್ದದ ಮಾಸ್ಟರ್ ಶಾಟಿನಲ್ಲಿ ತೆಗೆದು ಆಮೇಲೆ ಕ್ಲೋಸಪ್ ತುಂಬುತ್ತಿದ್ದವರಲ್ಲ. ನಾಲ್ಕೈದು ಪಟ್ಟುಗಳನ್ನು ಅದಕ್ಕೆ ಒಪ್ಪುವ ಒಂದೇ ಕೋನದಿಂದ ತೆಗೆದು ಮುಂದಕ್ಕೆ ಹೋಗುತ್ತಿದ್ದರು. ಆ ಕ್ರಮದಲ್ಲಿ ಹಿಂದಿನ ಶಾಟಿನ ಕೊನೆಯ ಪಟ್ಟನ್ನು ಮುಂದಿನ ಶಾಟಿನ ಆರಂಭದಲ್ಲಿ ಮತ್ತೆ ಆಡಿಸದಿದ್ದರೆ ಎಡಿಟರ್ ಕೈ ಖಾಲಿ. ಸೆಟ್‌ಗೆ ಹೇಳಿ ಕಳಿಸುವುದು ನಾನು ಇದೊಂದನ್ನೇ.

ಜಿಗಿತದ ವಿಷಯ ಬಂದರೆ ಕಿಂಗ್ ಹೂ ಅವರ ‘ಎ ಟಚ್ ಆಫ್ ಝೆನ್’ ಚಿತ್ರದ ಬಿದಿರು ಕಾಡಿನ ಕಾಳಗವನ್ನು ಫ್ರೇಮು ಫ್ರೇಮಾಗಿ ಬಿಡಿಸಿ ನೋಡಬೇಕು. (1975ರಲ್ಲಿ ಕಾನ್ ಚಿತ್ರೋತ್ಸವದಲ್ಲಿ ತಾಂತ್ರಿಕ ಪ್ರಶಸ್ತಿ ಸಿಕ್ಕಿದ್ದು ಸುಮ್ಮನೆ ಅಲ್ಲ.) ಪೀಕಿಂಗ್ ಒಪೆರಾದಲ್ಲಿ ಪಳಗಿದ ಅದರ ಸಾಹಸ ನಿರ್ದೇಶಕ ಹಾನ್ ಯಿಂಗ್‌ಜಿಯೆ ನಟರನ್ನು ಟ್ರ್ಯಾಂಪೊಲಿನ್‌ನಿಂದ ಹಾರಿಸಿದರು, ಅದನ್ನು ಮುಚ್ಚಿದ್ದು ಕತ್ತರಿ. ಒಂದು ಜಿಗಿತವನ್ನು ನಾನು ಮೂರು ತುಂಡು ಮಾಡುತ್ತೇನೆ. ಏರುವ ತುಂಡನ್ನು ಪಾದ ನೆಲ ಬಿಡುತ್ತಿದ್ದಂತೆಯೇ ಕತ್ತರಿಸಬೇಕು. ನಡುವಿನದಕ್ಕೆ ಹತ್ತು ಹನ್ನೆರಡು ಫ್ರೇಮು ಸಾಕು. ಮೈ ಇನ್ನೂ ಮೇಲಕ್ಕೆ ಹೋಗುತ್ತಿರುವಾಗಲೇ ಬಿಡಬೇಕು, ತುತ್ತತುದಿ ಮುಟ್ಟಿದರೆ ಕೈಕಾಲು ಸಡಿಲಾಗಿ ಯಾರೋ ಎಸೆದ ಮೂಟೆಯಂತೆ ಕಾಣುತ್ತದೆ. ಇಳಿಯುವ ಶಾಟ್ ಎರಡು ಮೂರು ಫ್ರೇಮು ಖಾಲಿ ನೆಲದಿಂದ ಶುರುವಾಗಲಿ, ಆಮೇಲೆ ಪಾದ ಬರಲಿ. ಎಡದಿಂದ ಬಲಕ್ಕೆ ಹಾರಿದವನು ಮೂರರಲ್ಲೂ ಅದೇ ದಿಕ್ಕಿಗೆ ಹೋಗಬೇಕು.

ಇಳಿದ ಮೇಲೆ ನಿಲ್ಲಿಸಿ. ಒಪೆರಾದಲ್ಲಿ ತಾಳದ ಹೊಡೆತಕ್ಕೆ ನಟ ಗಕ್ಕನೆ ನಿಂತು ದಿಟ್ಟಿಸುವ ಭಂಗಿಯೊಂದಿದೆ, ಲಿಯಾಂಗ್‌ಷಿಯಾಂಗ್ ಅಂತ. ಐದಾರು ಚಿಕ್ಕ ತುಂಡುಗಳಾದ ಮೇಲೆ ಇಂಥ ನಿಲುವಿಗೆ ಒಂದು ಸೆಕೆಂಡು ಕೊಡದಿದ್ದರೆ ಆ ತುಂಡುಗಳು ಬರೀ ಗಲಿಬಿಲಿ. ಈಗಿನ ಎಷ್ಟೋ ಫೈಟುಗಳು ಸೋಲುವುದು ಇಲ್ಲೇ.

ವೇಗ ಸಾಲದಿದ್ದರೆ ಹಳೆಯವರು ಕ್ಯಾಮೆರಾವನ್ನೇ ಸೆಕೆಂಡಿಗೆ 22 ಫ್ರೇಮಿನಲ್ಲಿ ಓಡಿಸಿ 24ರಲ್ಲಿ ತೋರಿಸುತ್ತಿದ್ದರು, ಚಲನೆ ಶೇ. 9ರಷ್ಟು ಚುರುಕಾಗುತ್ತದೆ. ಅದಕ್ಕಿಂತ ಬಹಳ ಇಳಿಸಿದರೆ ಬಟ್ಟೆಯ ಅಂಚು, ಧೂಳು ಚಾಡಿ ಹೇಳುತ್ತವೆ. ಕಂಪ್ಯೂಟರಿನಲ್ಲಿ ವೇಗವನ್ನು 109%ಗೆ ಏರಿಸಿದರೆ ಹನ್ನೆರಡರಲ್ಲೊಂದು ಫ್ರೇಮು ಉದುರುತ್ತದೆ. ಉದುರಿದ್ದು ಏಟು ತಾಗುವ ಫ್ರೇಮೇ ಆಗಿರಬಹುದು! ಪಕ್ಕದ ಫ್ರೇಮುಗಳನ್ನು ಬೆರೆಸಿಬಿಡುವ ಬ್ಲೆಂಡಿಂಗ್ ಆಫ್ ಮಾಡಿ, ವೇಗ ಮೊದಲು ಹಾಕಿ, ಮಾರ್ಕರ್ ಆಮೇಲೆ. ತಾಗುವ ಫ್ರೇಮು ಕಾಣದಿದ್ದರೆ ಕ್ಲಿಪ್ಪನ್ನು ಒಂದು ಫ್ರೇಮು ಆಚೆಯಿಂದ ಶುರು ಮಾಡಿ, ಮತ್ತೆ ಸಿಗುತ್ತದೆ.