ರಷ್ಯಾದ ಐಸ್ ಹಾಕಿ ರಕ್ಷಣಾ ಆಟಗಾರನ ವೃತ್ತಿಜೀವನವನ್ನು ಓದುವ ಬಗೆ: ಫೆಟಿಸೊವ್ ಅವರ ನಿದರ್ಶನ

ಐಸ್ ಹಾಕಿಯಲ್ಲಿ ದಾಳಿ ಆಟಗಾರನ ಸಾಮರ್ಥ್ಯವನ್ನು ಅವನು ಹೊಡೆದ ಗೋಲುಗಳಿಂದ ಒಂದು ಮಟ್ಟಿಗೆ ಅಂದಾಜು ಮಾಡಬಹುದು. ರಕ್ಷಣಾ ಆಟಗಾರನ ವಿಷಯದಲ್ಲಿ ಆ ಅಳತೆಗೋಲು ಕೈಕೊಡುತ್ತದೆ. ಅದರಲ್ಲೂ ಆತ ಸೋವಿಯತ್ ಒಕ್ಕೂಟದಲ್ಲಿ ಬೆಳೆದು, ಮೂವತ್ತು ದಾಟಿದ ಮೇಲೆ ಉತ್ತರ ಅಮೆರಿಕದ ಎನ್‌ಎಚ್‌ಎಲ್ ಲೀಗ್‌ಗೆ ಹೋದವನಾಗಿದ್ದರೆ, ಅಂಕಿಅಂಶಗಳ ಪಟ್ಟಿಯ ಪಕ್ಕದಲ್ಲಿ ಆ ಕಾಲದ ಇತಿಹಾಸವನ್ನೂ ಇಟ್ಟುಕೊಂಡು ಓದಬೇಕಾಗುತ್ತದೆ. ಹೀಗೆ ಓದುವುದನ್ನು ಕಲಿಯಲು ವ್ಯಾಚೆಸ್ಲಾವ್ ಫೆಟಿಸೊವ್ ಅವರ ವೃತ್ತಿಜೀವನಕ್ಕಿಂತ ಒಳ್ಳೆಯ ನಿದರ್ಶನ ನನಗೆ ತೋರುವುದಿಲ್ಲ.

ಮೊದಲು ಹೆಸರನ್ನು ಖಚಿತಪಡಿಸಿಕೊಳ್ಳಿ. ರಷ್ಯನ್ ಹೆಸರುಗಳನ್ನು ಬೇರೆ ಬೇರೆ ಕಡೆ ಬೇರೆ ಬೇರೆ ಕಾಗುಣಿತದಲ್ಲಿ ಬರೆಯುತ್ತಾರೆ. ವ್ಯಾಚೆಸ್ಲಾವ್ ಎಂಬವರೇ ಇನ್ನೊಂದು ಕಡೆ ಸ್ಲಾವಾ ಎಂದು ಕಾಣಿಸಿಕೊಳ್ಳುತ್ತಾರೆ. ಆದ್ದರಿಂದ ಹೆಸರಿನ ಜೊತೆಗೆ ಹುಟ್ಟಿದ ದಿನವನ್ನೂ ಊರನ್ನೂ ಹೊಂದಿಸಿ ನೋಡುವುದು ಕ್ಷೇಮ. ಫೆಟಿಸೊವ್ ಹುಟ್ಟಿದ್ದು 1958ರ ಏಪ್ರಿಲ್ 20ರಂದು, ಮಾಸ್ಕೋದಲ್ಲಿ.

ಎರಡನೆಯದಾಗಿ, ಕ್ಲಬ್ ಎಂತಹದು ಎಂಬುದನ್ನು ತಿಳಿದುಕೊಳ್ಳಬೇಕು. ಫೆಟಿಸೊವ್ ಆಡಿದ ಸಿಎಸ್‌ಕೆಎ ಮಾಸ್ಕೋ ಸೈನ್ಯದ ಕ್ಲಬ್. ದೇಶದ ಪ್ರತಿಭಾವಂತ ಯುವಕರನ್ನು ಕಡ್ಡಾಯ ಸೈನಿಕ ಸೇವೆಯ ಹೆಸರಿನಲ್ಲಿ ಅದು ಸೆಳೆದುಕೊಳ್ಳಬಲ್ಲದಾಗಿತ್ತು. ಆಟಗಾರರು ಕಾಗದದ ಮೇಲೆ ಸೈನ್ಯಾಧಿಕಾರಿಗಳು. ತರಬೇತುದಾರ ವಿಕ್ಟರ್ ತಿಖೊನೊವ್ ವರ್ಷದ ಬಹುಭಾಗ ಅವರನ್ನು ಮನೆಮಂದಿಯಿಂದ ದೂರದ ಶಿಬಿರದಲ್ಲಿ ಇರಿಸುತ್ತಿದ್ದರು. 1977ರಿಂದ 1989ರವರೆಗೆ ಸತತ 13 ಬಾರಿ ಸಿಎಸ್‌ಕೆಎ ರಾಷ್ಟ್ರೀಯ ಲೀಗ್ ಗೆದ್ದಿತು. ಹಾಗಾಗಿ ಈ ಪ್ರಶಸ್ತಿಗಳ ಎಣಿಕೆಯೊಂದರಿಂದಲೇ ಒಬ್ಬ ಆಟಗಾರನ ಎತ್ತರವನ್ನು ನಿರ್ಧರಿಸಲಾಗದು. ಅದಕ್ಕಿಂತ ಗಟ್ಟಿಯಾದ ಸಾಕ್ಷಿ ಬೇರೆ ಇದೆ: 1985ರ ವಿಶ್ವ ಚಾಂಪಿಯನ್‌ಷಿಪ್‌ನಲ್ಲಿ ಸೋವಿಯತ್ ತಂಡ ಮೂರನೆಯ ಸ್ಥಾನಕ್ಕೆ ಇಳಿದಾಗಲೂ ಶ್ರೇಷ್ಠ ರಕ್ಷಣಾ ಆಟಗಾರ ಎಂಬ ಮನ್ನಣೆ ಫೆಟಿಸೊವ್ ಅವರಿಗೇ ಸಂದಿತು. ತಂಡ ಸೋತ ವರ್ಷಗಳಲ್ಲಿ ಬಂದ ವೈಯಕ್ತಿಕ ಮನ್ನಣೆಗಳನ್ನು ಹುಡುಕಿ ಗುರುತು ಹಾಕಿಕೊಳ್ಳಿ.

ಅನಂತರ ಜೊತೆಗಾರರನ್ನು ನೋಡಿ. ಐಸ್ ಹಾಕಿಯಲ್ಲಿ ರಕ್ಷಣಾ ಆಟಗಾರರು ಜೋಡಿಯಾಗಿ ಅಂಗಳಕ್ಕೆ ಇಳಿದು, ಒಂದು ನಿಮಿಷದೊಳಗೇ ಹೊರಬಂದು ಇನ್ನೊಂದು ಜೋಡಿಗೆ ಜಾಗ ಬಿಡುತ್ತಾರೆ. ಕೊಡಗಿನ ಮೈದಾನಗಳಲ್ಲಿ ಹಾಕಿ ನೋಡಿ ಬೆಳೆದವರಿಗೆ ಈ ವೇಗ ಮೊದಲಿಗೆ ಗೊಂದಲ ಹುಟ್ಟಿಸಬಹುದು. ಸೋವಿಯತ್ ಪದ್ಧತಿಯಲ್ಲಿ ಇಬ್ಬರು ರಕ್ಷಕರು, ಮೂವರು ದಾಳಿಗಾರರು ಸೇರಿದ ಐವರ ಘಟಕವೇ ಒಟ್ಟಾಗಿ ಆಡುತ್ತಿತ್ತು. ಫೆಟಿಸೊವ್, ಅಲೆಕ್ಸಿ ಕಸಟೊನೊವ್, ವ್ಲಾದಿಮಿರ್ ಕ್ರುಟೊವ್, ಇಗೊರ್ ಲಾರಿಯೊನೊವ್, ಸೆರ್ಗೆ ಮಕರೊವ್ ಎಂಬ ಐವರು 1980ರ ದಶಕದುದ್ದಕ್ಕೂ ಆಡಿದ್ದು ಹೀಗೆಯೇ. 1984 ಮತ್ತು 1988ರ ಒಲಿಂಪಿಕ್ ಚಿನ್ನಗಳಲ್ಲಿ ಈ ಘಟಕದ ಪಾಲು ದೊಡ್ಡದು.

ಇಲ್ಲಿ ಪಟ್ಟಿಯನ್ನು ಬದಿಗಿಟ್ಟು, ಹಳೆಯ ಪಂದ್ಯವೊಂದರ ದೃಶ್ಯವನ್ನು ತಾಳ್ಮೆಯಿಂದ ನೋಡಿ. ಪಕ್ (ಚೆಂಡಿನ ಬದಲು ಬಳಸುವ ರಬ್ಬರ್ ಬಿಲ್ಲೆ) ಜಾರಿಕೊಂಡು ತಮ್ಮ ಗೋಲಿನ ಹಿಂಬದಿಗೆ ಬರುತ್ತದೆ. ಎದುರಾಳಿ ಬೆನ್ನಟ್ಟಿ ಬರುತ್ತಿದ್ದಾನೆ. ಅವಸರದ ಆಟಗಾರ ಅದನ್ನು ಹಲಗೆಗೋಡೆಗೆ ಬಡಿದು ದೂರ ತಳ್ಳಿಬಿಡುತ್ತಾನೆ. ಫೆಟಿಸೊವ್ ಅಂತಹವರು ಪಕ್ ಮುಟ್ಟುವ ಮೊದಲೇ ಒಮ್ಮೆ ಹೆಗಲ ಮೇಲಿಂದ ಹಿಂದಿರುಗಿ ನೋಡಿ, ಯಾರು ಎಲ್ಲಿದ್ದಾರೆಂದು ಅರಿತು, ಒಂದೇ ತಿರುವಿನಲ್ಲಿ ಎದುರಾಳಿಯನ್ನು ತಪ್ಪಿಸಿ, ನಡು ಅಂಗಳದಲ್ಲಿ ಓಡುತ್ತಿರುವ ಜೊತೆಗಾರನ ಸ್ಟಿಕ್‌ಗೆ ಪಾಸ್ ಕೊಡುತ್ತಾರೆ. ಮುಂದೆ ದಾರಿ ಕಾಣದಿದ್ದರೆ ಪಕ್ ಒಪ್ಪಿಸಿಬಿಡದೆ ಹಿಂದಕ್ಕೆ ತಂದು ಮತ್ತೆ ಹೊಸದಾಗಿ ಆರಂಭಿಸುತ್ತಾರೆ. ಆ ದಾಳಿ ಗೋಲಾಗುವ ಹೊತ್ತಿಗೆ ಇನ್ನೂ ಇಬ್ಬರು ಮೂವರ ಪಾಸ್‌ಗಳಾಗಿರುತ್ತವೆ. ಎನ್‌ಎಚ್‌ಎಲ್ ದಾಖಲೆಯಲ್ಲಿ ಒಂದು ಗೋಲಿಗೆ ಹೆಚ್ಚೆಂದರೆ ಇಬ್ಬರಿಗೆ ಮಾತ್ರ ಅಸಿಸ್ಟ್ (ಗೋಲಿಗೆ ನೆರವಾದ ಪಾಸ್‌ನ ಮನ್ನಣೆ) ಸಿಗುವುದರಿಂದ, ಎಲ್ಲಕ್ಕೂ ಮೂಲವಾದ ಆ ಮೊದಲ ಪಾಸ್ ಎಷ್ಟೋ ಸಲ ದಾಖಲಾಗುವುದೇ ಇಲ್ಲ.

ಈಗ ಅಂಕಿಅಂಶಗಳ ಪಟ್ಟಿಯ ಎರಡು ಸಾಲುಗಳನ್ನು ಹೋಲಿಸಿ. 1989–90ರಲ್ಲಿ, ನ್ಯೂ ಜೆರ್ಸಿ ಡೆವಿಲ್ಸ್ ಪರವಾಗಿ ಆಡಿದ ಮೊದಲ ಋತುವಿನಲ್ಲಿ, 72 ಪಂದ್ಯಗಳಿಂದ 8 ಗೋಲು, 34 ಅಸಿಸ್ಟ್, ಒಟ್ಟು 42 ಪಾಯಿಂಟ್. 1995–96ರಲ್ಲಿ ಡೆಟ್ರಾಯ್ಟ್ ರೆಡ್ ವಿಂಗ್ಸ್ ಪರವಾಗಿ 69 ಪಂದ್ಯಗಳಿಂದ 7 ಗೋಲು, 35 ಅಸಿಸ್ಟ್, ಮತ್ತೆ 42 ಪಾಯಿಂಟ್. ಸಂಖ್ಯೆ ಒಂದೇ, ಸಂದರ್ಭ ಬೇರೆ ಬೇರೆ. ಮೊದಲನೆಯದು, ದೇಶದಿಂದ ಹೊರಹೋಗಲು ಅನುಮತಿಗಾಗಿ ಸೈನ್ಯದೊಡನೆಯೂ ತಿಖೊನೊವ್ ಅವರೊಡನೆಯೂ ಬಹಿರಂಗವಾಗಿ ಸೆಣಸಿ, ತಲೆಮರೆಸಿಕೊಂಡು ಓಡಿಹೋಗಲು ಒಪ್ಪದೆ, ಕಾನೂನಿನ ದಾರಿಯಲ್ಲೇ ಬಂದ 31ರ ವಯಸ್ಸಿನವರ ಸಾಲು. ಅಲ್ಲಿ ಭಾಷೆ ಹೊಸದು. ಅಂಗಳವೂ ಕಿರಿದು, ಯುರೋಪಿನಲ್ಲಿ ಅಗಲ ಸುಮಾರು 30 ಮೀಟರ್ ಇದ್ದರೆ ಇಲ್ಲಿ ಸುಮಾರು 26 ಮೀಟರ್, ಎಂದರೆ ಯೋಚಿಸಲು ಸಿಗುವ ಸಮಯವೂ ಕಡಿಮೆ. ಎರಡನೆಯದು 37ರ ವಯಸ್ಸಿನವರದು. ಆದರೆ ಆ ಋತುವಿನಲ್ಲಿ ತರಬೇತುದಾರ ಸ್ಕಾಟಿ ಬೌಮನ್ ಅವರು ಫೆಟಿಸೊವ್, ಲಾರಿಯೊನೊವ್, ವ್ಲಾದಿಮಿರ್ ಕಾನ್‌ಸ್ಟಾಂಟಿನೊವ್, ಸೆರ್ಗೆ ಫೆಡೊರೊವ್, ವ್ಯಾಚೆಸ್ಲಾವ್ ಕೊಜ್ಲೊವ್ ಎಂಬ ಐವರು ರಷ್ಯನ್ನರನ್ನು ಒಂದೇ ಘಟಕವಾಗಿ ಆಡಿಸಿದರು. ತಮಗೆ ಪರಿಚಿತವಾದ ಆಟ ಮತ್ತೆ ಕೈಗೆ ಸಿಕ್ಕಿದಾಗ ಆರು ವರ್ಷಗಳ ವಯೋಭಾರ ಸಂಖ್ಯೆಯಲ್ಲಿ ಕಾಣದೇ ಹೋಯಿತು. ನನಗೆ ಈ ಎರಡು ಸಾಲುಗಳು ಅವರ ಎಲ್ಲ ಪದಕಗಳಿಗಿಂತ ಹೆಚ್ಚು ಹೇಳುತ್ತವೆ.

ಈ ಎರಡರ ನಡುವಿನ 1994–95ರ ಸಾಲನ್ನು ಓದುವಾಗ ಎಚ್ಚರವಿರಲಿ. ನ್ಯೂ ಜೆರ್ಸಿಗೆ 4, ಡೆಟ್ರಾಯ್ಟ್‌ಗೆ 14 ಪಂದ್ಯಗಳು ಮಾತ್ರ ಕಾಣುತ್ತವೆ. ಮಾಲೀಕರು ಮತ್ತು ಆಟಗಾರರ ಒಕ್ಕೂಟದ ನಡುವಿನ ವಿವಾದದಿಂದ ಆ ಋತು ತಡವಾಗಿ ಆರಂಭವಾಗಿ 48 ಪಂದ್ಯಗಳಿಗೆ ಇಳಿದಿತ್ತು ಎಂಬುದನ್ನು ಅರಿಯದೆ ಅದನ್ನು ಕುಸಿತ ಎಂದು ಬರೆಯುವುದು ಅನ್ಯಾಯವಾಗುತ್ತದೆ.

ಪ್ಲಸ್–ಮೈನಸ್ ಎಂಬ ಕಾಲಂ ಕೂಡ ರಕ್ಷಣಾ ಆಟಗಾರನಿಗೆ ಮುಖ್ಯವೇ. ಆತ ಅಂಗಳದಲ್ಲಿದ್ದಾಗ ತನ್ನ ತಂಡ ಗೋಲು ಹೊಡೆದರೆ ಒಂದು ಕೂಡಿಸುತ್ತಾರೆ, ಬಿಟ್ಟುಕೊಟ್ಟರೆ ಒಂದು ಕಳೆಯುತ್ತಾರೆ. ಪವರ್ ಪ್ಲೇಯಲ್ಲಿ, ಎಂದರೆ ಎದುರಾಳಿ ತಂಡದ ಆಟಗಾರ ಶಿಕ್ಷೆಗಾಗಿ ಹೊರಗಿರುವ ಅವಧಿಯಲ್ಲಿ, ಬಂದ ಗೋಲುಗಳು ಲೆಕ್ಕಕ್ಕಿಲ್ಲ. ಒಳ್ಳೆಯ ತಂಡದಲ್ಲಿದ್ದವರಿಗೆಲ್ಲ ಇದು ಏರುವುದರಿಂದ, ಅದೇ ತಂಡದ ಇತರ ರಕ್ಷಕರೊಡನೆ ಮಾತ್ರ ಹೋಲಿಸಿ.

ಥಟ್ಟನೆ ನಿಂತುಹೋದ ಸಾಲುಗಳ ಕಾರಣವನ್ನು ತಪ್ಪದೆ ಹುಡುಕಬೇಕು. ಕಾನ್‌ಸ್ಟಾಂಟಿನೊವ್ ಅವರ ಪಟ್ಟಿ 1997ರಲ್ಲಿ, 30ನೇ ವಯಸ್ಸಿಗೆ, ಮುಗಿದುಹೋಗುತ್ತದೆ. ಡೆಟ್ರಾಯ್ಟ್ ಎನ್‌ಎಚ್‌ಎಲ್‌ನ ಚಾಂಪಿಯನ್ ಪ್ರಶಸ್ತಿಯಾದ ಸ್ಟ್ಯಾನ್ಲಿ ಕಪ್ ಗೆದ್ದ ಆರು ದಿನಕ್ಕೆ, ಜೂನ್ 13ರಂದು, ಅವರಿದ್ದ ಬಾಡಿಗೆ ಕಾರು ಮರಕ್ಕೆ ಡಿಕ್ಕಿ ಹೊಡೆಯಿತು. ಅವರ ತಲೆಗೆ ತೀವ್ರ ಪೆಟ್ಟಾಯಿತು. ಅದೇ ಕಾರಿನಲ್ಲಿದ್ದ ಫೆಟಿಸೊವ್ ಗಾಯಗೊಂಡರೂ ಚೇತರಿಸಿಕೊಂಡು ಇನ್ನೊಂದು ಋತು ಆಡಿದರು. 1998ರಲ್ಲಿ ತಂಡ ಮತ್ತೆ ಗೆದ್ದಾಗ ಕಾನ್‌ಸ್ಟಾಂಟಿನೊವ್ ಅವರನ್ನು ಗಾಲಿಕುರ್ಚಿಯಲ್ಲಿ ಮಂಜಿನ ಅಂಗಳಕ್ಕೆ ಕರೆತಂದು, ಕಪ್ಪನ್ನು ಅವರ ಮಡಿಲಲ್ಲಿಟ್ಟು ಸುತ್ತು ಹಾಕಿಸಿದರು. ಫೆಟಿಸೊವ್ ಅವರ 1997–98ರ ಸಾಲನ್ನು ಓದುವಾಗ ಇದು ನೆನಪಿನಲ್ಲಿರಬೇಕು.

ಕೊನೆಗೆ ಒಂದು ತಾಂತ್ರಿಕ ಸೂಚನೆ. ಕೆಲವು ಪಟ್ಟಿಗಳಲ್ಲಿ 1998ರ ಬಳಿಕ ಹನ್ನೊಂದು ವರ್ಷ ಖಾಲಿ ಬಿಟ್ಟು, 2009ರ ಡಿಸೆಂಬರ್‌ನಲ್ಲಿ ಸಿಎಸ್‌ಕೆಎ ಪರವಾಗಿ ರಷ್ಯಾ ಕೇಂದ್ರಿತ ಕೆಎಚ್‌ಎಲ್ ಲೀಗ್‌ನಲ್ಲಿ ಒಂದೇ ಒಂದು ಪಂದ್ಯ ಕಾಣಿಸುತ್ತದೆ. ಅದು ಮುದ್ರಣದೋಷವಲ್ಲ. 51ನೇ ವಯಸ್ಸಿನಲ್ಲಿ ಅವರು ನಿಜವಾಗಿಯೂ ಸ್ಕೇಟ್ ಕಟ್ಟಿ ಇಳಿದಿದ್ದರು. ವೃತ್ತಿಜೀವನದ ಸರಾಸರಿ ತೆಗೆಯುವಾಗ ಅದನ್ನು ಸೇರಿಸಬೇಡಿ. ಪ್ರತ್ಯೇಕ ಸಾಲಿನಲ್ಲಿ, ವಯಸ್ಸಿನೊಡನೆ ಬರೆದಿಡಿ.