ಉಸ್ತಾದರ ರಬಾಬ್, ನನ್ನ ಠೇಕಾ

2023ರ ಜುಲೈ ಕೊನೆಯಲ್ಲಿ ಅಫ್ಘಾನಿಸ್ತಾನದ ಹೆರಾತ್‌ನಲ್ಲಿ ತಾಲಿಬಾನ್‌ನವರು ವಾದ್ಯಗಳನ್ನು ರಾಶಿ ಹಾಕಿ ಸುಟ್ಟರು. ಆ ರಾಶಿಯಲ್ಲಿ ಹಾರ್ಮೋನಿಯಂ ಜೊತೆ ತಬಲಾನೂ ಇತ್ತು. ಅದಾದ ವಾರಕ್ಕೆ, ರಬಾಬ್ ಅನ್ನೋ ಅಫ್ಘನ್ ತಂತಿವಾದ್ಯ ನುಡಿಸುವ ನಮ್ಮ ಉಸ್ತಾದರು ಫೋನ್ ಮಾಡಿದರು. "ಬೇಟಾ, ನನಗೆ ಬರೋದನ್ನೆಲ್ಲ ರೆಕಾರ್ಡ್ ಮಾಡಿಬಿಡೋಣ. ತಬಲಾ ತಗೊಂಡು ಬಾ."

ನಾವಿರುವುದು ಕ್ಯಾಲಿಫೋರ್ನಿಯಾದ ಫ್ರೀಮಾಂಟ್‌ನಲ್ಲಿ. ಇಲ್ಲಿ ಕನ್ನಡದವರೂ ಇದ್ದಾರೆ, ಅಫ್ಘನ್ನರಂತೂ ಜಾಸ್ತಿ. ಉಸ್ತಾದರು ಕಾಬೂಲಿನ ಖರಾಬಾತ್‌ನವರು. ಅದು ಸಂಗೀತಗಾರರ ಕೇರಿ. 1860ರ ದಶಕದಲ್ಲಿ ಅಮೀರ್ ಶೇರ್ ಅಲಿ ಖಾನ್ ಹಿಂದೂಸ್ತಾನದಿಂದ ಕರೆಸಿಕೊಂಡ ಕಲಾವಿದರ ಮನೆತನಗಳು ಅಲ್ಲಿ ಬೇರೂರಿದವು. ತೊಂಬತ್ತರ ದಶಕದ ಯುದ್ಧದಲ್ಲಿ ಕೇರಿ ಹಾಳಾಯಿತು. ಇವರು ಪೇಶಾವರಕ್ಕೆ ಹೋದರು, ಅಲ್ಲಿಂದ ಇಲ್ಲಿಗೆ. ಅವರ ಪೇಶಾವರದ ಉರ್ದು, ನನ್ನ ಧಾರವಾಡದ ಹಿಂದಿ. ನಮ್ಮ ಮಾತು ಹಾಗೇ ನಡೆಯುತ್ತದೆ.

ರಬಾಬ್ ಶ್ರುತಿ ಮಾಡೋದಕ್ಕೇ ಅರ್ಧ ಗಂಟೆ ಬೇಕು. ಹಿಪ್ಪುನೇರಳೆ ಮರದ ಒಡಲು, ಮೇಲೆ ಆಡಿನ ಚರ್ಮ. ನುಡಿಸುವ ಮುಖ್ಯ ತಂತಿ ಮೂರೇ. ಕೆಳಗೆ ತಾವಾಗಿಯೇ ಅನುರಣಿಸುವ ತರಫ್ ತಂತಿಗಳು ಮಾತ್ರ ಹತ್ತಕ್ಕಿಂತ ಜಾಸ್ತಿ, ಒಂದೊಂದನ್ನೂ ರಾಗಕ್ಕೆ ಹೊಂದಿಸಬೇಕು. ಹವೆಯಲ್ಲಿ ತೇವ ಹೆಚ್ಚಿ ಚರ್ಮ ಸಡಿಲಾದರೆ ಮತ್ತೆ ಮೊದಲಿಂದ.

ಮೊದಲ ದಿನ ನಾನು ತಪ್ಪು ಮಾಡಿದೆ. ಶಕ್ಲ್ ಮುಗೀತು, ಅದು ನಮ್ಮ ಆಲಾಪದ ಹಾಗೆ. ತಾಳಕ್ಕೆ ನುಡಿಸುವ ರಚನೆ, ಅಂದರೆ ನಗ್ಮಾ, ಶುರುವಾದ ಕೂಡಲೇ ನಾನು ರೇಲಾ ಬಿಟ್ಟೆ, ಬೋಲುಗಳ ವೇಗದ ಸುರಿಮಳೆ. ಅವರು ತಂತಿಗಳ ಮೇಲೆ ಅಂಗೈ ಇಟ್ಟು ನಿಲ್ಲಿಸಿದರು. "ಚೆನ್ನಾಗಿದೆ. ನನ್ನ ಬಲಗೈ ಕೇಳಿಸ್ತಿದೆಯಾ?" ನಗ್ಮಾದಲ್ಲಿ ಅದೇ ಸಾಲು ಮತ್ತೆ ಮತ್ತೆ ಬರುತ್ತದೆ, ಪ್ರತಿ ಸಲ ಮೀಟು ಬದಲಾಗುತ್ತದೆ. ನಡುವೆ ಒಂದು ಎತ್ತರದ ತರಫ್ ತಂತಿ ಸೂಜಿ ಚುಚ್ಚಿದ ಹಾಗೆ ಮಿಡಿಯುತ್ತದೆ. ಉಳಿಸಬೇಕಾದ್ದು ಅದನ್ನೇ ಅಲ್ವಾ? ಅವತ್ತಿನಿಂದ ಬರೀ ಠೇಕಾ, ತಾಳದ ಮೂಲ ಬೋಲು, ಹಿಡಿಯುತ್ತೇನೆ. ಅವರು ಕತ್ತೆತ್ತಿ ನೋಡಿದಾಗ ಮಾತ್ರ ನನ್ನ ಕೈಚಳಕ.

ಒಂದೊಂದು ನಗ್ಮಾನ್ನೂ ಎರಡು ಸಲ ರೆಕಾರ್ಡ್ ಮಾಡುತ್ತೇವೆ. ಒಮ್ಮೆ ನಿಧಾನಕ್ಕೆ, ರಬಾಬ್ ಒಂದೇ. ಕಲಿಯುವವರಿಗೆ ಮೀಟು ಎಣಿಸೋಕೆ ಬರಬೇಕು. ಆಮೇಲೆ ತಬಲಾ ಸೇರಿಸಿ. ಯಾರಿಂದ ಕಲಿತದ್ದು, ಯಾವ ಮದುವೆಯಲ್ಲಿ ನುಡಿಸಿದ್ದು ಅನ್ನೋದನ್ನು ಅವರೇ ದರಿ ಭಾಷೆಯಲ್ಲಿ ಹೇಳುತ್ತಾರೆ. ಅವರ ಸೊಸೆ ಬರೆದುಕೊಳ್ಳುತ್ತಾರೆ. ನಡುವೆ ಬರುವ ಕೆಮ್ಮನ್ನು ನಾನು ತೆಗೆಯುವುದಿಲ್ಲ.

ದೇಶ ಬಿಟ್ಟು ಬಂದರೂ ಪಶ್ತೂನ್, ತಾಜಿಕ್, ಹಜಾರಾ ಅನ್ನೋ ಗೋಡೆ ಕೆಲವರಲ್ಲಿ ಉಳಿದಿದೆ. ಅದಕ್ಕೇ ಉಸ್ತಾದರು ಮೆಹಫಿಲ್‌ನಲ್ಲಿ ಮೂವರ ಧಾಟಿಗಳನ್ನೂ ನಿಲ್ಲಿಸದೆ ಪೋಣಿಸುತ್ತಾರೆ. "ಎದ್ದು ಹೋಗೋಕೆ ಸಂದು ಕೊಡಬೇಡ" ಅಂತ ನನಗೆ ತಾಕೀತು. ಗೇದಾ ತಾಳದಿಂದ ಏಳು ಮಾತ್ರೆಯ ಮೊಘೋಲಿ ತಾಳಕ್ಕೆ ಹೊರಳುವ ಆ ಒಂದು ಆವರ್ತನ ತುಂಬಾ ಕಷ್ಟ. ನನಗೆ ಹಿಂದೂಸ್ತಾನಿಯ ಏಳು ಮಾತ್ರೆಯ ರೂಪಕ ಗೊತ್ತು, ಇದರ ನಡಿಗೆ ಬೇರೆ. ಇದೊಂದಕ್ಕೇ ತಿಂಗಳುಗಟ್ಟಲೆ ಅಭ್ಯಾಸ ಮಾಡಿದ್ದೇನೆ.

ಕಳೆದ ನೌರೂಜ್‌ನ, ಅಂದರೆ ಅವರ ಹೊಸ ವರ್ಷದ, ರಾತ್ರಿ ನಾನು ಮೊಘೋಲಿಗೆ ಹೊರಳಿದೆ. ಎಡಗಡೆ ಕೂತವರ ಚಪ್ಪಾಳೆ ತಪ್ಪಿತು. ಬಲಗಡೆಯವರಿಗೆ ತಾಳ ಗೊತ್ತಿತ್ತು. ಎಡಗಡೆಯ ಒಬ್ಬ ಅಜ್ಜ ಎದುರಿನ ಹುಡುಗಿಯ ಕೈಯನ್ನೇ ನೋಡುತ್ತಾ ಒಂದು, ಎರಡು ಅಂತ ಎಣಿಸಿದರು. ಮೂರನೇ ಸುತ್ತಿಗೆ ಅವರ ಚಪ್ಪಾಳೆ ಸೇರಿತು. ಉಸ್ತಾದರು ಲಯ ಏರಿಸಲಿಲ್ಲ. ಅದೇ ಸಾಲನ್ನು ಇನ್ನೂ ನಾಲ್ಕು ಸಲ ನುಡಿಸಿದರು.